ಓದುಗರ ಪ್ರಶ್ನೆ: ಹೀಬ್ರೂ ಗ್ರಂಥದ ಹಾವು ಸೈತಾನನೇ?

ಈ ಸಲ ಬಂದ ಪತ್ರಗಳಲ್ಲಿ ಹಾವಿನವೇ ಜಾಸ್ತಿ. ಶ್ರಾವಣ ಅಲ್ವಾ. ಹಾಗಾಗಿ ಉಳಿದವನ್ನು ಮುಂದಿನ ಸಂಚಿಕೆಗೆ ಇಟ್ಟುಕೊಂಡಿದ್ದೇನೆ.

ಪ್ರಶ್ನೆ: ಅಕ್ಕಾರ, ನಮ್ಮ ಪಕ್ಕದ ಮನೆಯವರು ಕ್ರೈಸ್ತರು. ಒಳ್ಳೆಯ ಜನ. ಪಂಚಮಿ ದಿನ ನನ್ನ ಮೊಮ್ಮಗಳು ಕೊಬ್ಬರಿ ಬಟ್ಟಲು ಹಿಡಿದು ಹುತ್ತಕ್ಕೆ ಹೊರಟಿದ್ದಳು. ಆಗ ಆ ಮನೆಯ ಹುಡುಗಿ "ಹಾವು ಅಂದ್ರ ಸೈತಾನ, ನಮ್ಮ ಪುಸ್ತಕದಾಗ ಐತಿ" ಎಂದುಬಿಟ್ಟಳು. ನನ್ನ ಮೊಮ್ಮಗಳು ಅಳುತ್ತಾ ವಾಪಸ್ ಬಂದಳು. ಆದರೆ ಅದೇ ಪುಸ್ತಕದಲ್ಲಿ ತಾಮ್ರದ ಹಾವು ಜನರ ಜೀವ ಉಳಿಸಿತು ಅಂತಲೂ ಕೇಳಿದ್ದೇನೆ. ಯಾವುದು ಖರೆ?
— ಒಬ್ಬ ಅಜ್ಜಿ, ಜಮಖಂಡಿ

ಉತ್ತರ: ತಾಯಿ, ಎರಡೂ ಆ ಪುಸ್ತಕದಲ್ಲಿವೆ. ಆದರೆ ಸೈತಾನನ ಮಾತು ಆ ಮಗು ಹೇಳಿದಷ್ಟು ನೇರವಾಗಿಲ್ಲ. ನಾನೂ ಕ್ರೈಸ್ತಳೇ. ಬೆಳಗಾವಿಯ ಕ್ಯಾಂಪಿನಲ್ಲಿ ಬೆಳೆದವಳು, ಮುಂದೆ ದೇವಶಾಸ್ತ್ರದ ಕಾಲೇಜಿನಲ್ಲಿ ಹೀಬ್ರೂ ಓದಿದವಳು. ನನ್ನ ಅಜ್ಜಿ ಪಂಚಮಿಗೆ ಹಾಲು ಎರೆಯುತ್ತಿರಲಿಲ್ಲ, ಆದರೆ ಉಂಡಿ ಕಟ್ಟಿ ಓಣಿಗೆಲ್ಲಾ ಹಂಚುತ್ತಿದ್ದರು. ನಮಗೆ ಜೋಕಾಲಿಯನ್ನೂ ಕಟ್ಟಿಸುತ್ತಿದ್ದರು. ನಿಮ್ಮ ಪತ್ರ ಓದಿ ನನಗೆ ನಿಜಕ್ಕೂ ನೋವಾಯಿತು.

ಹೀಬ್ರೂ ಗ್ರಂಥ ಎಂದರೆ ಬೈಬಲಿನಲ್ಲಿ ನಾವು ಹಳೆಯ ಒಡಂಬಡಿಕೆ ಎನ್ನುವ ಭಾಗ. ಮೊದಲು ಅದರ ಮೊದಲ ಪುಸ್ತಕ ಆದಿಕಾಂಡದ ಮೂರನೇ ಅಧ್ಯಾಯ ನೋಡೋಣ. ಅಲ್ಲಿ ಮೊದಲ ಹೆಣ್ಣು ಹವ್ವಳ ಜೊತೆ ಮಾತಾಡುವುದು ಹಾವು, ಹೀಬ್ರೂವಿನಲ್ಲಿ ನಾಹಾಷ್. ದೇವರು ಮಾಡಿದ ಕಾಡುಪ್ರಾಣಿಗಳಲ್ಲೆಲ್ಲಾ ಅದು ಜಾಣ ಎಂದು ಬರೆದಿದೆ. ಸೈತಾನ ಎಂಬ ಪದ ಆ ಅಧ್ಯಾಯದಲ್ಲಿ ಒಮ್ಮೆಯೂ ಇಲ್ಲ. ಆ ಜಾಣತನಕ್ಕೆ ಬಳಸಿರುವ ಆರೂಮ್ ಎಂಬ ಪದವೂ ಬರೀ ಬೈಗುಳವಲ್ಲ. ಜ್ಞಾನೋಕ್ತಿಗಳ ಪುಸ್ತಕದಲ್ಲಿ ವಿವೇಕಿಯನ್ನು ಹೊಗಳಲು ಅದೇ ಪದ ಬರುತ್ತದೆ. ಹಾವು ತಪ್ಪು ಮಾಡಿತು, ಹೊಟ್ಟೆಯ ಮೇಲೆ ಹರಿಯುವ ಶಾಪ ಪಡೆಯಿತು, ನಿಜ. ಆದರೆ ಅದು ಪ್ರಾಣಿಯಾಗಿಯೇ ಶಾಪ ಪಡೆಯಿತು. ಸೈತಾನ ಯೋಬನ ಪುಸ್ತಕದಲ್ಲಿ ಬರುತ್ತಾನೆ. ಅಲ್ಲಿ ಅವನು ದೇವರ ಸಭೆಯಲ್ಲಿ ನಿಂತು ಮನುಷ್ಯರ ಮೇಲೆ ದೂರು ಹೇಳುವವನು. ಆ ಸಭೆಯ ಪ್ರಸಂಗದಲ್ಲಿ ಹಾವಿನ ಸುದ್ದಿಯೇ ಇಲ್ಲ. ಇಬ್ಬರೂ ಒಬ್ಬನೇ ಎಂದು ಬಿಡಿಸಿ ಹೇಳುವುದು ಹೊಸ ಒಡಂಬಡಿಕೆಯ ಕೊನೆಯ ಪುಸ್ತಕ, ಪ್ರಕಟನೆಯ 12ನೇ ಅಧ್ಯಾಯ. ಅದು ಗ್ರೀಕಿನಲ್ಲಿ ಬರೆದದ್ದು, ಆದಿಕಾಂಡಕ್ಕಿಂತ ನೂರಾರು ವರ್ಷ ಈಚಿನದು. ಪಕ್ಕದ ಮನೆಯ ಮಗು ಕಲಿತದ್ದು ಆ ನಂತರದ ಓದು. ಅದು ನಮ್ಮ ಸಭೆಗಳ ನಂಬಿಕೆ, ಅದನ್ನು ನಾನು ಅಲ್ಲಗಳೆಯುವುದಿಲ್ಲ. ಆದರೆ ಆ ನಂಬಿಕೆಯನ್ನು ಹಬ್ಬದ ದಿನ ಇನ್ನೊಂದು ಮಗುವಿನ ಮುಖಕ್ಕೆ ಎಸೆಯುವುದನ್ನು ಯಾರೂ ಕಲಿಸಬಾರದು.

ಇನ್ನು ತಾಮ್ರದ ಹಾವು. ಇದು ಅರಣ್ಯಕಾಂಡದ 21ನೇ ಅಧ್ಯಾಯದಲ್ಲಿದೆ. ಈಜಿಪ್ಟಿನಿಂದ ಬಂದ ಜನ ಎದೋಮ್ ದೇಶವನ್ನು ಬಳಸಿಕೊಂಡು ಮರುಭೂಮಿಯಲ್ಲಿ ನಡೆಯುತ್ತಿದ್ದಾರೆ. ರೊಟ್ಟಿ ಇಲ್ಲ, ನೀರಿಲ್ಲ ಎಂದು ಗೊಣಗುತ್ತಾರೆ. ಆಗ ದೇವರು ಸಾರಾಫ್ ಹಾವುಗಳನ್ನು ಕಳಿಸುತ್ತಾನೆ. ಸಾರಾಫ್ ಎಂದರೆ ಸುಡುವಂಥದ್ದು. ಕಡಿದ ಜಾಗ ಬೆಂಕಿಯಂತೆ ಉರಿಯುತ್ತಿದ್ದುದಕ್ಕೆ ಈ ಹೆಸರು ಬಂದಿರಬೇಕು ಎನ್ನುತ್ತಾರೆ ವಿದ್ವಾಂಸರು. ನಮ್ಮ ಕಡೆಯ ಗರಗಸ ಮಂಡಲದ ಹತ್ತಿರದ ಸಂಬಂಧಿ ಆ ಮರುಭೂಮಿಯಲ್ಲಿ ಇವತ್ತಿಗೂ ಇದೆ. ಬಹಳ ಜನ ಸತ್ತರು. ಉಳಿದವರು ತಮ್ಮ ಮುಂದಾಳು ಮೋಶೆಯ ಹತ್ತಿರ ಬಂದು, ಈ ಹಾವುಗಳು ಇಲ್ಲಿಂದ ಹೋಗಲಿ ಎಂದು ಪ್ರಾರ್ಥಿಸು ಎಂದರು.

ಇಲ್ಲಿ ಸ್ವಲ್ಪ ನಿಲ್ಲಿ. ಅವರು ಕೇಳಿದ್ದು ಹಾವು ಹೋಗಲಿ ಎಂದು. ದೇವರು ಹಾವುಗಳನ್ನು ತೆಗೆದುಹಾಕಿದ ಎಂದು ಕಥೆಯಲ್ಲಿ ಎಲ್ಲೂ ಬರೆದಿಲ್ಲ. ಒಂದು ಸಾರಾಫ್ ಮಾಡಿ ಕಂಬಕ್ಕೆ ಏರಿಸು, ಕಡಿತಕ್ಕೆ ಸಿಕ್ಕವನು ಅದನ್ನು ನೋಡಿದರೆ ಬದುಕುತ್ತಾನೆ ಎಂದನು ದೇವರು. ಮೋಶೆ ತಾಮ್ರದಲ್ಲಿ ಮಾಡಿದ. ತಾಮ್ರಕ್ಕೆ ನೆಹೋಷೆತ್, ಹಾವಿಗೆ ನಾಹಾಷ್. ಕಿವಿಗೆ ಅಣ್ಣತಮ್ಮಂದಿರಂತೆ ಕೇಳುತ್ತವೆ. ಆದರೆ ಒಂದೇ ಬೇರಿನವು ಎಂದು ಖಚಿತವಾಗಿ ಹೇಳಲಾಗದು. ಹಾವು ಅಲ್ಲೇ ಇರುತ್ತದೆ, ಬದುಕುವ ದಾರಿಯೂ ಅದೇ ರೂಪದಲ್ಲಿ ಬರುತ್ತದೆ. ಇಡೀ ಹೀಬ್ರೂ ಗ್ರಂಥದಲ್ಲಿ ನನ್ನನ್ನು ಜಾಸ್ತಿ ಹಿಡಿದು ನಿಲ್ಲಿಸುವ ಕಥೆಗಳಲ್ಲಿ ಇದೂ ಒಂದು.

ಯೆಹೂದಿ ಗುರುಗಳಿಗೂ ಈ ಕಥೆ ಪ್ರಶ್ನೆಯೇ ಆಗಿತ್ತು. ಹಾವು ಕೊಲ್ಲುತ್ತದೆಯೇ, ಹಾವು ಬದುಕಿಸುತ್ತದೆಯೇ ಎಂದು ಮಿಶ್ನಾ ಎಂಬ ತಮ್ಮ ಹಳೆಯ ಧರ್ಮನಿಯಮಗಳ ಗ್ರಂಥದಲ್ಲಿ ಕೇಳಿಕೊಂಡರು. ಜನ ತಲೆ ಎತ್ತಿ ಮೇಲಿರುವ ತಂದೆಗೆ ಮನಸ್ಸು ಒಪ್ಪಿಸಿದಾಗ ವಾಸಿಯಾದರು, ಇಲ್ಲದಿದ್ದರೆ ಇಲ್ಲ ಎಂಬುದು ಅವರ ಉತ್ತರ.

ಆ ತಾಮ್ರದ ಹಾವಿಗೆ ಮುಂದೆ ಏನಾಯಿತು ಗೊತ್ತಾ? ಯೆರೂಸಲೇಮಿನಲ್ಲಿ ಜನ ಅದಕ್ಕೆ ಧೂಪ ಹಾಕಲು ಶುರು ಮಾಡಿದರು. ನೆಹುಷ್ಟಾನ್ ಎಂಬ ಹೆಸರೂ ಅದಕ್ಕೆ ಬಂತು. ಕ್ರಿಸ್ತಪೂರ್ವ ಎಂಟನೇ ಶತಮಾನದ ಕೊನೆಯಲ್ಲಿ ಹಿಜ್ಕೀಯ ಎಂಬ ಅರಸ ಅದನ್ನು ಒಡೆದು ಚೂರು ಮಾಡಿದ. ಮೋಶೆಯ ಕೈಯಿಂದ ಆದದ್ದು ಎಂದೂ ಬಿಡಲಿಲ್ಲ. ಇದನ್ನು ಹೇಳಿದಾಗಲೆಲ್ಲ ನಮ್ಮ ಕಡೆಯವರು ಬಾಗೇವಾಡಿಯ ಬಸವಣ್ಣನವರ ಕಲ್ಲ ನಾಗರದ ವಚನ ನೆನಪಿಸುತ್ತಾರೆ. ಆದರೆ ಎರಡೂ ಒಂದೇ ಅಲ್ಲ. ಹಸಿದು ಬಂದ ಜಂಗಮನಿಗೆ ಯಾಕೆ ಉಣಿಸಲಿಲ್ಲ ಎಂಬುದು ಬಸವಣ್ಣನವರ ಸಂಕಟ. ಒಬ್ಬನೇ ದೇವರಿಗೆ ಸಲ್ಲಬೇಕಾದದ್ದು ಬೇರೆಡೆ ಹೋಯಿತು ಎಂಬುದು ಹಿಜ್ಕೀಯನ ಸಿಟ್ಟು.

ಇನ್ನೊಂದು ವಿಷಯ. 1969ರಲ್ಲಿ ಇಸ್ರೇಲಿನ ದಕ್ಷಿಣ ತುದಿಯ ತಿಮ್ನಾ ಎಂಬಲ್ಲಿ, ಹಳೆಯ ತಾಮ್ರದ ಗಣಿಗಳ ನಡುವೆ, ಬೆನೊ ರೋಥೆನ್‌ಬರ್ಗ್ ಎಂಬ ಉತ್ಖನನಕಾರರಿಗೆ ಒಂದು ಪುಟ್ಟ ತಾಮ್ರದ ಹಾವು ಸಿಕ್ಕಿತು. ಗೇಣಿಗಿಂತಲೂ ಚಿಕ್ಕದು, ತಲೆಗೆ ಚಿನ್ನದ ಲೇಪ. ಅದು ಮೋಶೆಯದಲ್ಲ, ಮಿದ್ಯಾನ್ಯರು ಎಂಬ ನೆರೆಯ ಜನರ ಗುಡಿಯದು. ಆದರೂ ಆ ಮರುಭೂಮಿಯಲ್ಲಿ ತಾಮ್ರದ ಹಾವಿಗೆ ಭಕ್ತಿ ಇತ್ತು ಎಂಬುದಕ್ಕೆ ಅದು ಸಾಕ್ಷಿ.

ಮೊಮ್ಮಗಳಿಗೆ ಹೇಳಿ, ಅಪ್ಪನ ಪಾಲು, ಅವ್ವನ ಪಾಲು ಎಂದು ಬರುವ ವರ್ಷ ನೆಮ್ಮದಿಯಿಂದ ಹಾಲು ಎರೆಯಲಿ. ಪಕ್ಕದ ಮನೆಗೆ ಒಂದು ಡಬ್ಬಿ ಉಂಡಿಯನ್ನೂ ಕಳಿಸಿ.

ಪ್ರಶ್ನೆ: ಬಾದಾಮಿಯ ಮೊದಲ ಗುಹೆಯ ಚಾವಣಿಯಲ್ಲಿ ಹೆಡೆಗಳ ನಾಗರಾಜ ಇದ್ದಾನೆ, ಮೂರನೆಯದರಲ್ಲಿ ಅನಂತನ ಮೇಲೆ ಕುಳಿತ ವಿಷ್ಣು. ಹೀಬ್ರೂಗಳಲ್ಲೂ ಹಲವು ತಲೆಯ ಹಾವು ಇದೆಯೇ?
— ಒಬ್ಬ ಶಿಕ್ಷಕರು, ಗುಳೇದಗುಡ್ಡ

ಉತ್ತರ: ಇದೆ ಸರ್. ಅದರ ಹೆಸರು ಲಿವ್ಯಾತಾನ್. ಅದು ಸಮುದ್ರದ್ದು. ಬೈಬಲಿನ ಕೀರ್ತನೆಗಳ ಪುಸ್ತಕದ 74ನೇ ಕೀರ್ತನೆ ಅದರ ತಲೆಗಳನ್ನು ದೇವರು ಜಜ್ಜಿದ ಎನ್ನುತ್ತದೆ. ತಲೆ ಎಂದಲ್ಲ, ತಲೆಗಳು ಎಂದೇ ಇದೆ. ಎಷ್ಟು ಎಂದು ಅಲ್ಲಿ ಹೇಳಿಲ್ಲ. ಸಿರಿಯಾದ ಕರಾವಳಿಯ ಉಗಾರಿತ್ ಪಟ್ಟಣದ ಅಗೆತ 1929ರಲ್ಲಿ ಶುರುವಾಯಿತು. ಅಲ್ಲಿನ ಮಣ್ಣಿನ ಫಲಕಗಳಲ್ಲಿ ಏಳು ತಲೆಯ ಲೋತಾನ್ ಸಿಕ್ಕಿದ. ಅವನಿಗೆ ಅಲ್ಲಿ ಹಚ್ಚಿದ ಗುಣಪದಗಳೇ ಪ್ರವಾದಿ ಯೆಶಾಯನ ಪುಸ್ತಕದ 27ನೇ ಅಧ್ಯಾಯದ ಲಿವ್ಯಾತಾನ್‌ಗೂ ಇವೆ. ಅಂದರೆ ಆ ಹಾವು ಹೀಬ್ರೂಗಳದ್ದಷ್ಟೇ ಅಲ್ಲ, ಅಕ್ಕಪಕ್ಕದವರೆಲ್ಲ ಹಂಚಿಕೊಂಡದ್ದು.

ನನಗೆ ಇಷ್ಟವಾಗುವುದು 104ನೇ ಕೀರ್ತನೆ. ಅಲ್ಲಿ ಅದೇ ಲಿವ್ಯಾತಾನ್ ಕಡಲಲ್ಲಿ ಆಡಲಿ ಎಂದು ದೇವರೇ ಮಾಡಿದ ಪ್ರಾಣಿ. ಒಂದು ಕಡೆ ಜಜ್ಜುತ್ತಾನೆ, ಇನ್ನೊಂದು ಕಡೆ ಆಡಲು ಬಿಡುತ್ತಾನೆ. ಎರಡನ್ನೂ ಒಂದೇ ಪುಸ್ತಕದಲ್ಲಿ ಉಳಿಸಿಕೊಂಡವರ ಮೇಲೆ ನನಗೆ ಗೌರವ.

ಪ್ರಶ್ನೆ: ಹಾವು ಮತ್ತು ಮೆಸ್ಸೀಯ (ಯೆಹೂದಿಗಳು ಎದುರುನೋಡುವ ರಕ್ಷಕ) ಎಂಬ ಹೀಬ್ರೂ ಪದಗಳ ಲೆಕ್ಕ ಒಂದೇ ಅಂತೆ. ಹೌದೇ?
— ಪಿಯುಸಿ ವಿದ್ಯಾರ್ಥಿ, ಅಥಣಿ

ಉತ್ತರ: ಹೌದು ತಮ್ಮಾ. ಹೀಬ್ರೂ ಅಕ್ಷರಗಳಿಗೆ ಅಂಕಿಯ ಬೆಲೆ ಇದೆ. ನಾಹಾಷ್‌ನಲ್ಲಿ 50, 8, 300. ಮಾಷಿಯಾಹ್‌ನಲ್ಲಿ 40, 300, 10, 8. ಎರಡೂ 358. ಯೆಹೂದಿ ಅನುಭಾವಿಗಳು ಇದನ್ನು ಹಿಡಿದು ಬಹಳ ಧ್ಯಾನಿಸಿದ್ದಾರೆ. ಆದರೆ ಮೊತ್ತ ಕೂಡಿಬಂದ ಮಾತ್ರಕ್ಕೆ ಗುಟ್ಟು ಸಿಕ್ಕಿತು ಎಂದುಕೊಳ್ಳಬೇಡ. 358 ಆಗುವ ಬೇರೆ ಪದಗಳೂ ಇವೆ.

ಪ್ರಶ್ನೆ: ನಮ್ಮೂರಲ್ಲಿ ಹಾವು ಕಡಿದರೆ ಇನ್ನೂ ಮಂತ್ರ ಹಾಕಿಸುತ್ತಾರೆ. ಹೀಬ್ರೂ ಜನ ಹಾವಿನ ಮಂತ್ರ ನಂಬುತ್ತಿದ್ದರೇ?
— ಕಬ್ಬು ಬೆಳೆಗಾರರು, ಮುಧೋಳ ತಾಲೂಕು

ಉತ್ತರ: ಅಣ್ಣಾ, ಹಾವಾಡಿಗರು ಅವರಲ್ಲೂ ಇದ್ದರು. 58ನೇ ಕೀರ್ತನೆ ದುಷ್ಟರನ್ನು ಕಿವಿ ಮುಚ್ಚಿಕೊಂಡ ಪೆತೆನ್‌ಗೆ ಹೋಲಿಸುತ್ತದೆ. ಎಂಥ ನಿಪುಣ ಮಂತ್ರ ಹಾಕಿದರೂ ಅದು ಕೇಳುವುದಿಲ್ಲವಂತೆ. ಪೆತೆನ್ ಎಂದರೆ ನಾಗರಹಾವಿನ ಜಾತಿಯದು ಎಂಬುದು ಹಲವರ ಅಭಿಪ್ರಾಯ. ಪ್ರಸಂಗಿ ಎಂಬ ಪುಸ್ತಕದ 10ನೇ ಅಧ್ಯಾಯ ಇನ್ನೂ ನೇರ. ಮಂತ್ರಕ್ಕೆ ಮೊದಲೇ ಹಾವು ಕಡಿದರೆ ಮಂತ್ರಗಾರನಿಂದ ಏನೂ ಪ್ರಯೋಜನವಿಲ್ಲ ಎನ್ನುತ್ತದೆ.

ದಯವಿಟ್ಟು ನಿಮ್ಮೂರಿನವರಿಗೆ ಹೇಳಿ. ನಾಗರ, ಕಟ್ಟುಹಾವು, ಕೊಳಕುಮಂಡಲ, ಗರಗಸ ಮಂಡಲ, ಈ ನಾಲ್ಕರ ವಿಷಕ್ಕೂ ಒಂದೇ ಪ್ರತಿವಿಷದ ಮದ್ದು ಕೆಲಸ ಮಾಡುತ್ತದೆ. ಯಾವ ಹಾವು ಎಂದು ಹುಡುಕಿ ಹೊಡೆದು ತರಬೇಕಾಗಿಲ್ಲ. ಹಗ್ಗ ಬಿಗಿಯಬೇಡಿ, ಗಾಯ ಕೊಯ್ಯಬೇಡಿ, ಬಾಯಿಂದ ಹೀರಬೇಡಿ. ಕಡಿದ ಕೈಕಾಲು ಅಲ್ಲಾಡಿಸದೆ ನೇರವಾಗಿ ಆಸ್ಪತ್ರೆಗೆ ಕರೆದೊಯ್ಯಿರಿ, 108ಕ್ಕೆ ಫೋನ್ ಮಾಡಿ. ರಾತ್ರಿ ಕಬ್ಬಿಗೆ ನೀರು ಬಿಡಲು ಹೋಗುವಾಗ ಬ್ಯಾಟರಿ ಮತ್ತು ಬೂಟು ಮರೆಯಬೇಡಿ.