ಸಾಕ್ಷಿ ಸಿಗುವವರೆಗೆ ಮಗಳನ್ನು ಕಾಯಿಸಬೇಡಿ

ಪ್ರಶ್ನೆ: ನಾನು ದಾವಣಗೆರೆಯವಳು. ಮಂಡಿಪೇಟೆಯ ಬಟ್ಟೆ ಅಂಗಡಿಯೊಂದರಲ್ಲಿ ಕೆಲಸ. ಮನೆಗೆ ಬರುವಾಗ ರಾತ್ರಿ ಎಂಟೂವರೆ ಆಗುತ್ತದೆ. ಮೂರನೇ ಕ್ಲಾಸಿನ ಮಗಳು ಸ್ಕೂಲ್ ಬಿಟ್ಟ ಮೇಲೆ ಅತ್ತೆ ಮನೆಯಲ್ಲಿರುತ್ತಾಳೆ. ಅಲ್ಲೇ ಇರುವ ಮೈದುನ ಅವಳಿಗೆ ಚಾಕೊಲೇಟು, ಮೊಬೈಲು ಕೊಟ್ಟು ಮುದ್ದು ಮಾಡುತ್ತಾನೆ. ಎರಡು ತಿಂಗಳಿಂದ ಮಗಳು ‘ಅಲ್ಲಿಗೆ ಹೋಗಲ್ಲ’ ಅಂತ ಅಳುತ್ತಾಳೆ. ರಾತ್ರಿ ಹಾಸಿಗೆ ಒದ್ದೆ ಮಾಡಿಕೊಳ್ಳುತ್ತಾಳೆ. ಮೊನ್ನೆ ‘ಚಿಕ್ಕಪ್ಪ ಬಾಗಿಲು ಹಾಕ್ಕೊಂಡು ಮೊಬೈಲಲ್ಲಿ ಏನೋ ತೋರಿಸ್ತಾರೆ, ಅಮ್ಮಂಗೆ ಹೇಳಬಾರದು ಅಂತಾರೆ’ ಅಂದಳು. ಅತ್ತೆ ‘ನಿನ್ನ ಮನಸ್ಸೇ ಹೊಲಸು’ ಅಂತ ಬೈದರು. ಗಂಡ ‘ಸಾಕ್ಷಿ ಇಲ್ಲದೆ ನನ್ನ ತಮ್ಮನ ಮೇಲೆ ಹೇಳಬೇಡ’ ಅಂತಾರೆ. ನನಗೂ ಖಾತ್ರಿ ಇಲ್ಲ. ನಾನು ತಪ್ಪು ತಿಳಿದಿದ್ದರೆ ಮನೆ ಒಡೆದ ಪಾಪ ಬರುತ್ತದಲ್ಲ?

ಉತ್ತರ: ತಂಗಿ, ‘ಅಮ್ಮಂಗೆ ಹೇಳಬಾರದು’ ಎಂದಿದ್ದನ್ನು ನಿಮ್ಮ ಮಗಳು ಅಮ್ಮನಿಗೇ ಬಂದು ಹೇಳಿದ್ದಾಳೆ. ಅಷ್ಟು ಸಣ್ಣ ಮಗುವಿಗೆ ಎಷ್ಟು ಧೈರ್ಯ ಬೇಕಾಗಿರಬಹುದು ನೋಡಿ. ಹೇಳಿಬಿಟ್ಟು, ಅಮ್ಮ ಏನು ಮಾಡುತ್ತಾಳೆ ಅಂತ ಈಗ ಕಾಯುತ್ತಿರುತ್ತಾಳೆ.

ಸಾಕ್ಷಿ ಬೇಕಾಗುವುದು ಕೋರ್ಟಿಗೆ. ನಾಳೆ ಸಂಜೆ ಮಗಳು ಎಲ್ಲಿರಬೇಕು ಅಂತ ತೀರ್ಮಾನಿಸಲು ತಾಯಿಗೆ ಯಾಕೆ ಸಾಕ್ಷಿ? ಹಾಲಿನ ಪಾತ್ರೆಯಲ್ಲಿ ಹಲ್ಲಿ ಬಿದ್ದಿರಬಹುದು ಅನಿಸಿದರೆ, ಮಗುವಿಗೆ ಕುಡಿಸಿ ನೋಡುತ್ತೇವಾ? ಹಾಲು ಚೆಲ್ಲುತ್ತೇವೆ. ಅನುಮಾನ ಸುಳ್ಳಾದರೆ ಹೋಗುವುದು ಒಂದು ಲೋಟ ಹಾಲು, ಅಷ್ಟೇ ಅಲ್ವಾ?

ಹಾಗಾಗಿ ನಾಳೆಯಿಂದಲೇ ಮಗಳನ್ನು ಆ ಮನೆಗೆ ಕಳಿಸಬೇಡಿ. ತವರು ಹತ್ತಿರವಿದ್ದರೆ ಅಲ್ಲಿಗೆ, ಇಲ್ಲದಿದ್ದರೆ ನೀವು ನಂಬುವ ಗೆಳತಿಯ ಮನೆಗೆ, ಟ್ಯೂಷನ್‌ಗೆ. ಏನೂ ಆಗದಿದ್ದರೆ ಕೆಲವು ದಿನ ರಜೆ ಹಾಕಿ. ಸಂಬಳ ಕಟ್ ಆಗುವುದು ನಿಮ್ಮಂಥವರಿಗೆ ಸಣ್ಣ ಮಾತಲ್ಲ ಅಂತ ಗೊತ್ತು, ಆದರೂ ಹೇಳುತ್ತಿದ್ದೇನೆ. ಹೊಸ ಜಾಗದಲ್ಲೂ ಯಾರ್‍ಯಾರು ಇರುತ್ತಾರೆ, ಬಾಗಿಲು ತೆರೆದಿರುತ್ತದಾ ನೋಡಿಕೊಳ್ಳಿ. ಅತ್ತೆಗೆ ‘ಟ್ಯೂಷನ್‌ಗೆ ಹಾಕಿದ್ದೇನೆ’ ಅಂದರೆ ಸಾಕು. ಮೈದುನನನ್ನು ನೀವೇ ಕರೆದು ಜಗಳಕ್ಕೆ ನಿಲ್ಲಬೇಡಿ. ಅವನು ಎಚ್ಚರವಾಗುತ್ತಾನೆ, ಮಗುವನ್ನು ಹೆದರಿಸುವ ಸಾಧ್ಯತೆಯೂ ಇದೆ.

ಮಗಳ ಜೊತೆ ಮಾತಾಡುವುದು ಕಷ್ಟದ ಕೆಲಸ. ತಲೆ ಬಾಚುವಾಗಲೋ, ಊಟ ಮಾಡಿಸುವಾಗಲೋ ‘ಚಿಕ್ಕಪ್ಪ ಮೊಬೈಲ್ ತೋರಿಸ್ತಾರೆ ಅಂದ್ಯಲ್ಲ, ಆಮೇಲೆ ಏನಾಗುತ್ತೆ?’ ಅಂತ ಕೇಳಿ, ಸುಮ್ನಿರಿ. ‘ಅಲ್ಲಿ ಮುಟ್ಟಿದನಾ, ಇಲ್ಲಿ ಮುಟ್ಟಿದನಾ’ ಅಂತ ನೀವೇ ಅವಳ ಬಾಯಿಗೆ ಮಾತು ಹಾಕಬೇಡಿ. ಕೇಳಿ ಹೊಟ್ಟೆ ಉರಿದರೂ ಅವಳೆದುರು ಕೂಗಾಡಬೇಡಿ. ಅಮ್ಮ ಅತ್ತರೆ ಮಗು ತನ್ನದೇ ತಪ್ಪು ಅಂದುಕೊಂಡು ಬಾಯಿ ಮುಚ್ಚಿಕೊಳ್ಳುತ್ತದೆ. ಅಪ್ಪನ ಮುಂದೆ, ಅಜ್ಜಿಯ ಮುಂದೆ ಮತ್ತೆ ಮತ್ತೆ ಹೇಳಿಸಲೂ ಬಾರದು. ಅವಳು ಹೇಳಿದ್ದನ್ನು ಅವಳದೇ ಮಾತಿನಲ್ಲಿ, ತಾರೀಖು ಹಾಕಿ ಬರೆದಿಡಿ. ಅವಳು ‘ಯಾರಿಗೂ ಹೇಳಬೇಡ’ ಅಂದರೆ ಸುಳ್ಳು ಆಣೆ ಇಡಬೇಡಿ. ‘ನಿನ್ನನ್ನು ಕಾಯೋದಕ್ಕೆ ಯಾರಿಗೆ ಹೇಳಬೇಕೋ ಅವರಿಗೆ ಮಾತ್ರ ಹೇಳ್ತೀನಿ’ ಅನ್ನಿ.

ಹಾಸಿಗೆ ಒದ್ದೆಯಾಗಲು ಬೇರೆ ಕಾರಣಗಳೂ ಇರುತ್ತವೆ. ಆದರೆ ಉಡುಗೊರೆ, ಮುಚ್ಚಿದ ಬಾಗಿಲು, ಗುಟ್ಟು, ಈ ಮೂರೂ ಒಟ್ಟಿಗೆ ಬಂದಾಗ ತಡ ಮಾಡಬಾರದು. ಇವತ್ತೇ 1098ಕ್ಕೆ ಫೋನ್ ಮಾಡಿ. ಮಕ್ಕಳ ಸಹಾಯವಾಣಿ, ದುಡ್ಡಿಲ್ಲ, ಹಗಲೂ ರಾತ್ರಿಯೂ ಇರುತ್ತದೆ. ಜಿಲ್ಲಾ ಮಕ್ಕಳ ರಕ್ಷಣಾ ಘಟಕ, ಮಕ್ಕಳ ಕಲ್ಯಾಣ ಸಮಿತಿ ದಾವಣಗೆರೆಯಲ್ಲೂ ಇವೆ.

ಮಕ್ಕಳನ್ನು ಲೈಂಗಿಕ ದೌರ್ಜನ್ಯದಿಂದ ಕಾಯುವ ಪೋಕ್ಸೋ ಕಾಯ್ದೆ ಜಾರಿಗೆ ಬಂದದ್ದು 2012ರ ನವೆಂಬರ್ 14ಕ್ಕೆ. ಅದರ 19ನೇ ಕಲಂ ಓದಿದರೆ ನಿಮ್ಮ ಅರ್ಧ ಹೆದರಿಕೆ ಹೋದೀತು. ಅಪರಾಧ ನಡೆದದ್ದು ಗೊತ್ತಿರುವವರು ಮಾತ್ರವಲ್ಲ, ನಡೆಯಬಹುದು ಎಂಬ ಆತಂಕ ಇರುವವರೂ ತಿಳಿಸಬೇಕು ಎನ್ನುತ್ತದೆ ಅದು. ಒಳ್ಳೆಯ ಉದ್ದೇಶದಿಂದ ತಿಳಿಸಿದವರ ಮೇಲೆ ಕೇಸು ಬರುವುದಿಲ್ಲ. ಗೊತ್ತಿದ್ದೂ ಮುಚ್ಚಿಟ್ಟರೆ ಆರು ತಿಂಗಳವರೆಗೆ ಜೈಲು ಇದೆ. ಮೈ ಮುಟ್ಟದಿದ್ದರೂ, ಮಗುವಿಗೆ ಅಶ್ಲೀಲ ವಿಡಿಯೊ ತೋರಿಸುವುದೇ ಅಪರಾಧ. ಸ್ಟೇಷನ್ ಮೆಟ್ಟಿಲು ಹತ್ತಬೇಕಲ್ಲ ಅಂತ ಅಳುಕಬೇಡಿ. ಮಗುವಿನ ಹೇಳಿಕೆಯನ್ನು ಮನೆಯಲ್ಲೇ ಪಡೆಯಬಹುದು. ಪಡೆಯುವ ಪೊಲೀಸರು ಯೂನಿಫಾರಂ ಹಾಕಿರಬಾರದು, ನೀವು ಜೊತೆಯಲ್ಲೇ ಕೂರಬಹುದು. ಮಗುವಿನ ಹೆಸರನ್ನು ಪತ್ರಿಕೆ, ಟೀವಿಯವರು ಹಾಕುವಂತಿಲ್ಲ. ಮುಟ್ಟಿದ ಮಾತೇನಾದರೂ ಬಂದರೆ ಸ್ನಾನ ಮಾಡಿಸದೆ, ಬಟ್ಟೆ ತೊಳೆಯದೆ ಆಸ್ಪತ್ರೆಗೆ ಹೋಗಿ. ಪೊಲೀಸ್ ಚೀಟಿ ತಂದರೇನೇ ನೋಡುತ್ತೇವೆ ಎಂದು ಅಲ್ಲಿ ಹೇಳುವಂತಿಲ್ಲ.

ಗಂಡನ ಸಂಕಟವೂ ನನಗೆ ಅರ್ಥವಾಗುತ್ತದೆ. ಬೆನ್ನ ಹಿಂದೆ ಬಿದ್ದ ತಮ್ಮ. ‘ನಿಮ್ಮ ತಮ್ಮ ಕೆಟ್ಟವನು’ ಅಂತ ಶುರು ಮಾಡಿದರೆ ಅವರು ತಮ್ಮನ ಪರ ನಿಲ್ಲುತ್ತಾರೆ. ‘ನಮ್ಮ ಮಗಳು ಹೆದರಿದ್ದಾಳೆ. ಯಾಕೆ ಅಂತ ಗೊತ್ತಾಗುವವರೆಗೆ ಅಲ್ಲಿ ಬಿಡೋದು ಬೇಡ’ ಅನ್ನಿ. ಇದಕ್ಕೆ ಯಾವ ತಂದೆಯೂ ಬೇಡ ಅನ್ನಲಾರ. ಅಂದರೂ ನೀವು ನಿಲ್ಲಬೇಡಿ. ಕೇಂದ್ರ ಸರ್ಕಾರ 2007ರಲ್ಲಿ ಹೊರತಂದ ಅಧ್ಯಯನದಲ್ಲಿ ಇಂಥ ಕೆಲಸ ಮಾಡಿದವರಲ್ಲಿ ಅರ್ಧದಷ್ಟು ಜನ ಮಗುವಿಗೆ ಗೊತ್ತಿದ್ದವರು, ಮಗು ನಂಬಿದವರು. ದುಗ್ಗಮ್ಮನ ಜಾತ್ರೆಗೆ ಮನೆ ತುಂಬಾ ನೆಂಟರು ಬಂದಾಗ ಮಕ್ಕಳನ್ನು ಎಲ್ಲರ ನಡುವೆ ಸಾಲಾಗಿ ಮಲಗಿಸುತ್ತೇವೆ. ನಮ್ಮವರೇ ಅಲ್ವಾ ಅಂತ. ಆ ‘ನಮ್ಮವರೇ’ ಅನ್ನುವ ಮಾತನ್ನೇ ಈಗ ಅತ್ತೆಯೂ ಹಿಡಿದುಕೊಂಡಿದ್ದಾರೆ.

ಈ ಅಂಕಣಕ್ಕೆ ನಲವತ್ತು, ಐವತ್ತು ದಾಟಿದ ಹೆಂಗಸರು, ಗಂಡಸರೂ ಬರೆಯುತ್ತಾರೆ. ‘ಅವತ್ತೇ ಅಮ್ಮನಿಗೆ ಹೇಳಿದ್ದೆ, ಬಾಯಿ ಮುಚ್ಚು ಅಂದಳು’ ಅಂತ. ಅವನು ಮಾಡಿದ್ದಕ್ಕಿಂತ ಅಮ್ಮ ನಂಬದೇ ಹೋದದ್ದೇ ಅವರಿಗೆ ಇನ್ನೂ ನೋಯುತ್ತಿರುತ್ತದೆ. ಮನೆ ಒಡೆದ ಪಾಪದ ಮಾತು ಬರೆದಿದ್ದೀರಿ. ಆ ಮನೆಯೊಳಗೆ ನಿಮ್ಮ ಮಗಳೂ ಇದ್ದಾಳೆ, ತಂಗಿ.

ಇವತ್ತು ರಾತ್ರಿ ಮಲಗುವ ಮುಂಚೆ ಅವಳನ್ನು ಪಕ್ಕದಲ್ಲಿ ಕೂರಿಸಿಕೊಂಡು ಇಷ್ಟು ಹೇಳಿ: ‘ನೀನು ನಂಗೆ ಹೇಳಿದ್ದು ಒಳ್ಳೇದಾಯ್ತು. ನಿಂದೇನೂ ತಪ್ಪಿಲ್ಲ. ನಾಳೆಯಿಂದ ನೀನು ಅಲ್ಲಿಗೆ ಹೋಗೋದು ಬೇಡ.’