ಮಗಳು ಮಾತೆತ್ತಿದರೆ ರೇಗುತ್ತಾಳೆ, ಕರಾಟೆಗೆ ಸೇರಿಸಿದರೆ ಸರಿಹೋಗುತ್ತಾಳಾ?

ಒಂಬತ್ತನೇ ಕ್ಲಾಸಿನ ಮಗಳು ಯಾರ ಹತ್ತಿರಾನೂ ಮಾತಾಡಲ್ಲ, ಕೇಳಿದರೆ ಧಡಾರನೆ ಬಾಗಿಲು ಹಾಕಿಕೊಳ್ಳುತ್ತಾಳೆ, ದಾವಣಗೆರೆಯಲ್ಲಿ ಕರಾಟೆಗೆ ಸೇರಿಸಲಾ ಅಂತ ಕೇಳಿದ್ದೀರಿ. ಸೇರಿಸಿ ಅಕ್ಕಾ. ಆದ್ರೆ ಹೊಡೆದು ಬಡಿದು ಸಿಟ್ಟೆಲ್ಲ ಖಾಲಿ ಆಗುತ್ತೆ ಅಂದುಕೊಳ್ಳಬೇಡಿ.

ಅಪ್ಪ ತೀರಿಕೊಂಡ ವರ್ಷ ನನ್ನನ್ನೂ ಇದೇ ಊರಲ್ಲಿ ಸೇರಿಸಿದ್ದರು. ಗರಡಿ ಮನೆಗಳ ಊರು ನಮ್ಮದು, ದುಗ್ಗಮ್ಮನ ಜಾತ್ರೆ ಕುಸ್ತಿಗೆ ಜನ ಮುಗಿಬೀಳುತ್ತಾರೆ. ಹುಡುಗಿ ಗುದ್ದೋದು ಕಲೀತಾಳೆ ಅಂದ್ರೆ ಮಾತ್ರ ನೆಂಟರಿಗೆ ನಗು.

ಗುದ್ದು ಬಿಡುವಾಗ ಹೊಟ್ಟೆಯಿಂದ ಕೂಗಬೇಕು, ಅದಕ್ಕೆ ಕಿಯಾಯ್ ಅಂತಾರೆ. ನನಗೆ ದನಿಯೇ ಬರುತ್ತಿರಲಿಲ್ಲ. ಮನೆಯಲ್ಲಿ ‘ಮೆಲ್ಲಗೆ ಮಾತಾಡು’ ಅಂತಲೇ ಬೆಳೆಸಿದ್ದರಲ್ವಾ. ಒಂದು ಸಂಜೆ ಹೇಗೋ ಬಂತು. ಪಕ್ಕದ ಹುಡುಗಿ ಬೆಚ್ಚಿಬಿದ್ದಳು, ಇಬ್ಬರೂ ಬಿದ್ದು ಬಿದ್ದು ನಕ್ಕೆವು. ಸರ್ ಬೈಯಲಿಲ್ಲ, ‘ಇನ್ನೂ ಜೋರಾಗಿ’ ಅಂದರು.

ಆಮೇಲೆ ಕುಮಿತೆ, ಅಂದ್ರೆ ಎದುರುಬದುರು ಆಡೋದು. ನಮ್ಮ ಕ್ಲಾಸಲ್ಲಿ ಮುಖದ ಕಡೆ ಬಿಟ್ಟ ಗುದ್ದು ಚರ್ಮ ಮುಟ್ಟೋ ಮುಂಚೆ ನಿಲ್ಲಬೇಕಿತ್ತು. ಸರ್ ‘ಯಮೆ’ (ನಿಲ್ಲಿಸಿ) ಅಂದರೆ ಕೈ ಎಲ್ಲಿದೆಯೋ ಅಲ್ಲೇ, ಆಮೇಲೆ ಇಬ್ಬರೂ ಬಗ್ಗಿ ನಮಸ್ಕಾರ. ಮೈಯೆಲ್ಲ ಉರಿಯುತ್ತಿದ್ದರೂ ಕೈ ನನ್ನ ಮಾತು ಕೇಳುತ್ತೆ ಅಂತ ಗೊತ್ತಾಗಿದ್ದು ಅಲ್ಲೇ. ಸಿಟ್ಟು ಈಗಲೂ ಬರುತ್ತೆ, ಧಡಾರನೆ ಬಾಗಿಲು ಹಾಕೋದು ಮಾತ್ರ ನಿಂತಿದೆ.

ಸೇರಿಸೋ ಮುಂಚೆ ಒಂದು ಸಂಜೆ ಹೋಗಿ ಕೂತು ನೋಡಿ. ಬೇರೆ ಹುಡುಗಿಯರು ಇದ್ದಾರಾ? ನಿಲುವು ತಿದ್ದುವಾಗ ಸರ್ ಬಾಯಲ್ಲಿ ಹೇಳುತ್ತಾರಾ, ಕೇಳದೆ ಮೈ ಮುಟ್ಟುತ್ತಾರಾ? ತಪ್ಪಿದವರನ್ನು ಎಲ್ಲರೆದುರು ಆಡಿಕೊಳ್ಳುತ್ತಿದ್ದರೆ ಎದ್ದು ಬನ್ನಿ. ಬ್ಲ್ಯಾಕ್ ಬೆಲ್ಟ್ ಯಾವಾಗ ಅಂತ ಕೇಳಲೇಬೇಡಿ, ಮನೇಲಿ ಇನ್ನೊಂದು ಎಸ್ಸೆಸ್ಸೆಲ್ಸಿ ಬೇಡ. ಸರ್ಕಾರಿ ಶಾಲೆಯಾದರೆ ರಾಣಿ ಲಕ್ಷ್ಮೀಬಾಯಿ ಆತ್ಮರಕ್ಷಣಾ ತರಬೇತಿ ನಡೆಯುತ್ತಾ ವಿಚಾರಿಸಿ. 6ರಿಂದ 12ನೇ ತರಗತಿ ಹುಡುಗಿಯರಿಗೆ, 3 ತಿಂಗಳದ್ದು. ರುಚಿ ಹತ್ತೋಕೆ ಸಾಕು, ಅಷ್ಟೇ.

ಒಂದು ಮಾತು, ಊಟ ನಿದ್ದೆ ಬಿಟ್ಟಿದ್ದರೆ, ಕೈ ಕುಯ್ದುಕೊಂಡ ಗುರುತು ಕಂಡರೆ, ಸಾಯೋ ಮಾತಾಡಿದರೆ ಕರಾಟೆ ಆಮೇಲೆ. ಮೊದಲು ಮನೋವೈದ್ಯರ ಹತ್ತಿರ ಕರೆದುಕೊಂಡು ಹೋಗಿ. ಸರ್ಕಾರದ ಮಾನಸಿಕ ಆರೋಗ್ಯ ಸಹಾಯವಾಣಿ ಟೆಲಿ ಮಾನಸ್ 14416ಕ್ಕೆ ಫೋನ್ ಮಾಡಿದರೆ ಹಗಲು ರಾತ್ರಿ ಯಾವಾಗ ಬೇಕಾದರೂ ಕನ್ನಡದಲ್ಲೇ ಮಾತಾಡಬಹುದು, ದುಡ್ಡಿಲ್ಲ.

ಕರಾಟೆ ಡ್ರೆಸ್ ಈಗಲೇ ಕೊಳ್ಳಬೇಡಿ. ಸದ್ಯಕ್ಕೆ ಟ್ರ್ಯಾಕ್ ಪ್ಯಾಂಟಲ್ಲೇ ಹೋಗಿ ಬರಲಿ. ಬೇಡ ಅಂದರೆ ಒತ್ತಾಯ ಬೇಡ, ಜೂಡೋ, ಕಬಡ್ಡಿ ಏನಾದರೂ ಕೇಳಿ ನೋಡಿ.