ಚೌಕಕ್ಕೆ ಇಳಿಯದ ಕ್ಯಾಮೆರಾ

ಮೆಕ್ಸಿಕೊದ ‘ರೋಹೊ ಅಮಾನೆಸೇರ್’ ಸಿನಿಮಾ ನೋಡಿದ ಓದುಗರೊಬ್ಬರು ಬರೆದಿದ್ದಾರೆ: “ವಿದ್ಯಾರ್ಥಿಗಳ ಮೇಲೆ ಸೈನ್ಯ ಗುಂಡು ಹಾರಿಸಿದ ದಿನದ ಕಥೆ ಇದು. ಆದರೆ ಸಿನಿಮಾ ಒಂದು ಫ್ಲಾಟ್ ಬಿಟ್ಟು ಆಚೆಗೆ ಹೋಗುವುದೇ ಅಪರೂಪ. ಇದು ಅಂಜಿಕೆ ಅಲ್ವಾ? ಬರೆದವರು ಯಾರು? ಅವರ ಬೇರೆ ಕೆಲಸವೇನು?”

ನಿಮ್ಮ ಸಿಟ್ಟು ನ್ಯಾಯವಾದದ್ದೇ. ಆದರೆ ಅಂಜಿಕೆ ಅನ್ನುವುದನ್ನು ನಾನು ಒಪ್ಪುವುದಿಲ್ಲ.

ಚಿತ್ರಕಥೆ ಹಾವಿಯೇರ್ ರೋಬ್ಲೆಸ್ ಮತ್ತು ಗ್ವಾದಲೂಪೆ ಓರ್ತೆಗಾ ಅವರದು, ನಿರ್ದೇಶನ ಹೋರ್ಹೆ ಫೋನ್ಸ್ ಅವರದು. 1968ರ ಅಕ್ಟೋಬರ್ 2ರಂದು ಮೆಕ್ಸಿಕೊ ಸಿಟಿಯ ತ್ಲಾತೆಲೊಲ್ಕೊ ಚೌಕದಲ್ಲಿ ಹತ್ಯಾಕಾಂಡ ನಡೆಯಿತು. ಹತ್ತು ದಿನಕ್ಕೆ ಅದೇ ಊರಲ್ಲಿ ಒಲಿಂಪಿಕ್ಸ್ ಶುರುವಾಯಿತು. ಸತ್ತವರೆಷ್ಟು ಅನ್ನುವ ಜಗಳ ಇವತ್ತಿಗೂ ಮುಗಿದಿಲ್ಲ. ಇಷ್ಟು ದೊಡ್ಡ ಸಂಗತಿಯನ್ನು ಆ ಚೌಕದ ಪಕ್ಕದ ಒಂದು ಮನೆಯೊಳಗೆ ಕೂರಿಸಿದ್ದಾರೆ ನೋಡಿ, ಅದೇ ಬರೆದವರ ಗಟ್ಟಿತನ.

ಬೆಳಗಿನ ತಿಂಡಿಯ ಹೊತ್ತಿನ ಮಾತುಕತೆಯನ್ನು ಇನ್ನೊಮ್ಮೆ ಗಮನಿಸಿ. ಅಪ್ಪ ಸರ್ಕಾರಿ ನೌಕರ. ಸರ್ಕಾರದ ಜೊತೆ ಆಟ ಬೇಡ ಅನ್ನುತ್ತಾನೆ. ತಾತ ಹಳೇ ಸೈನಿಕ, ಶಿಸ್ತನ್ನು ನಂಬಿದವನು. ದೊಡ್ಡ ಹುಡುಗರಿಬ್ಬರೂ ವಿದ್ಯಾರ್ಥಿ ಚಳವಳಿಯಲ್ಲಿದ್ದಾರೆ. ಉದ್ದನೆ ಕೂದಲಿನ ಬಗ್ಗೆ ಶುರುವಾದ ಜಗಳ ದೇಶದ ಜಗಳವಾಗುತ್ತದೆ. ಆಮೇಲೆ ಫೋನು ಸಾಯುತ್ತದೆ, ಕರೆಂಟು ಹೋಗುತ್ತದೆ, ಕಿಟಕಿಯಾಚೆ ಗುಂಡಿನ ಸದ್ದು. ಹೊರಗೆ ಏನಾಯಿತೆಂದು ಆ ಮನೆಯವರಿಗೆ ಎಷ್ಟು ಗೊತ್ತೋ ನಮಗೂ ಅಷ್ಟೇ ಗೊತ್ತು. ಚೌಕವನ್ನು ತೋರಿಸಿದ್ದರೆ ನಾವು ಸುಮ್ನೆ ನೋಡುಗರಾಗಿ ಉಳಿಯುತ್ತಿದ್ದೆವು.

ಇನ್ನೊಂದು ವಿಷಯ. ಇದನ್ನು ಒಂದು ಗೋದಾಮಿನಲ್ಲಿ ಸದ್ದಿಲ್ಲದೆ ಚಿತ್ರೀಕರಿಸಿದರು. ಸೆನ್ಸಾರ್ ತಡೆದು ಕೂರಿಸಿತು. ಸೈನಿಕರು ಕಾಣುವ ದೃಶ್ಯಗಳಿಗೆ ಕತ್ತರಿ ಬಿದ್ದ ಮೇಲೆಯೇ 1990ರಲ್ಲಿ ಬಿಡುಗಡೆಯಾಯಿತು. ಇಂಥ ಚಿತ್ರಕಥೆ ಬರೆದವರನ್ನು ಅಂಜುಬುರುಕರು ಅನ್ನಲು ನನಗೆ ಮನಸ್ಸು ಬರುವುದಿಲ್ಲ.

ರೋಬ್ಲೆಸ್ ಅವರ ಹಾದಿ ಮೊದಲಿಂದಲೂ ಇದೇ. 1976ರ ‘ಲಾಸ್ ಪೊಕಿಯಾಂಚಿಸ್’ ಚಿತ್ರವನ್ನು ತೋಮಾಸ್ ಪೆರೆಸ್ ತುರ್ರೆಂತ್ ಜೊತೆ ಬರೆದರು, ನಿರ್ದೇಶಕ ಫೆಲಿಪೆ ಕಸಾಲ್ಸ್. ಹೆಣ್ಣುಮಕ್ಕಳನ್ನು ಕೂಡಿಹಾಕಿ ವೇಶ್ಯಾವಾಟಿಕೆ ದಂಧೆ ನಡೆಸಿದ ಅಕ್ಕತಂಗಿಯರ ನಿಜಕಥೆ ಅದು. ಪತ್ರಿಕೆಗಳು ಅದನ್ನು ಬರೀ ರೋಚಕ ಸುದ್ದಿ ಮಾಡಿದ್ದವು. ಚಿತ್ರ ಮಾತ್ರ ಭೂಮಿ ಕಳೆದುಕೊಂಡ ರೈತರನ್ನೂ ಅದರ ಪಕ್ಕದಲ್ಲೇ ನಿಲ್ಲಿಸುತ್ತದೆ. ಆ ಹುಡುಗಿಯರು ಎಂಥ ಮನೆಗಳಿಂದ ಬಂದವರು ಅನ್ನುವುದು ಆಗ ಕಾಣುತ್ತದೆ.

2014ರ ಸೆಪ್ಟೆಂಬರಿನಲ್ಲಿ ಆಯೋತ್ಸಿನಾಪಾ ಶಿಕ್ಷಕ ತರಬೇತಿ ಶಾಲೆಯ 43 ವಿದ್ಯಾರ್ಥಿಗಳು ಇಗ್ವಾಲಾ ಊರಿನಲ್ಲಿ ಕಾಣೆಯಾದರು. ಅಕ್ಟೋಬರ್ 2ರ ನೆನಪಿನ ಮೆರವಣಿಗೆಗೆ ಹೋಗಲು ಬಸ್ಸು ಹೊಂದಿಸುತ್ತಿದ್ದ ಹುಡುಗರು ಅವರು. ಅವರ ಬಗ್ಗೆ ರೋಬ್ಲೆಸ್ ತಾವೇ ಸಾಕ್ಷ್ಯಚಿತ್ರ ಮಾಡಿದರು.

ಮುಂದೆ ಯಾವುದು ನೋಡುವುದು ಅಂತೀರಾದರೆ, 1985ರ ‘ಲೋಸ್ ಮೋತಿವೋಸ್ ದೆ ಲೂಸ್’ ನೋಡಿ. ತನ್ನ ಮಕ್ಕಳನ್ನೇ ಕೊಂದ ಆರೋಪ ಹೊತ್ತ ಬಡ ತಾಯಿಯ ಕಥೆ, ಬರೆದವರು ಇದೇ ರೋಬ್ಲೆಸ್. ನೋಡಿದ ಮೇಲೆ ದಯವಿಟ್ಟು ಮತ್ತೆ ಬರೆಯಿರಿ. ನನ್ನ ಮಾತು ಒಪ್ಪಿಗೆಯಾಗದಿದ್ದರೂ ಸರಿ.

— ಸಂಪಾದಕ